ಏರ್ ಫ್ರೈಯರ್‌ನಲ್ಲಿ ಚಿಕನ್ ನಗೆಟ್ ಗರಿಗರಿಯಾಗದಿದ್ದರೆ: ಲಕ್ಷಣ ನೋಡಿ ದೋಷ ಹಿಡಿಯುವ ಬಗೆ

ಸರಿಯಾಗಿ ಬೆಂದ ನಗೆಟ್ಟನ್ನು ಬೆರಳಲ್ಲಿ ಹಿಡಿದು ಮುರಿದು ನೋಡಿ. ಮೊದಲು ಹೊರಪದರ ಚಟ್ಟೆಂದು ಬಿರಿಯುತ್ತದೆ. ಆಮೇಲೆ ಒಳಗಿನ ಮಾಂಸ ಮೆಲ್ಲಗೆ ಬಿಟ್ಟುಕೊಂಡು ಸಣ್ಣದೊಂದು ಹಬೆ ಮೇಲೇಳುತ್ತದೆ. ಆ ಸದ್ದು ಬರದಿದ್ದಾಗ ಬಹಳ ಜನ ಮಾಡುವುದು ಒಂದೇ ಕೆಲಸ: ಇನ್ನೂ ಐದು ನಿಮಿಷ ಇಡುವುದು. ಅದರಿಂದ ಮಾಂಸ ಒಣಗುತ್ತದೆಯೇ ಹೊರತು ಮೂಲ ದೋಷ ಹೋಗುವುದಿಲ್ಲ. ಸಮಯ ಹೆಚ್ಚಿಸುವ ಮೊದಲು ತಪ್ಪು ಎಲ್ಲಿದೆ ಎಂದು ಹುಡುಕಬೇಕು.

ಹುಡುಕುವುದಕ್ಕೆ ಯಂತ್ರದೊಳಗೆ ನಡೆಯುವುದೇನು ಎಂಬುದು ಗೊತ್ತಿರಬೇಕು. ಹೆಸರಿನಲ್ಲಿ ಫ್ರೈ ಇದ್ದರೂ ಏರ್ ಫ್ರೈಯರ್ ಕರಿಯುವ ಯಂತ್ರವಲ್ಲ, ಪುಟ್ಟದೊಂದು ಓವನ್. ಸಾಮಾನ್ಯವಾಗಿ ಮೇಲ್ಭಾಗದಲ್ಲಿ ಶಾಖ ಕೊಡುವ ಸುರುಳಿಯಾದ ಕಾಯಿಲ್ ಮತ್ತು ಫ್ಯಾನ್ ಇರುತ್ತವೆ. ಬಿಸಿಗಾಳಿ ತೂತಿನ ಬುಟ್ಟಿಯ ಒಳಗೂ ಹೊರಗೂ ರಭಸದಿಂದ ಸುತ್ತುತ್ತದೆ. ನಗೆಟ್ಟಿನ ಮೈಯಲ್ಲಿ ನೀರಿನ ಪಸೆ ಇರುವಷ್ಟು ಹೊತ್ತು ಆ ಮೈಯ ಬಿಸಿ 100 ಡಿಗ್ರಿ ಸೆಲ್ಸಿಯಸ್ ದಾಟುವುದಿಲ್ಲ, ಏಕೆಂದರೆ ಬಂದ ಶಾಖವೆಲ್ಲ ನೀರನ್ನು ಹಬೆಯಾಗಿಸಲು ಖರ್ಚಾಗುತ್ತದೆ. ಹೊಂಬಣ್ಣವೂ ಹುರಿದ ಪರಿಮಳವೂ ಚೆನ್ನಾಗಿ ಮೂಡಬೇಕಾದರೆ 140 ಡಿಗ್ರಿಯ ಆಸುಪಾಸು ಬೇಕು. ಆದ್ದರಿಂದ ಗರಿಗರಿಯಾಗದ ನಗೆಟ್ಟಿನ ಮುಂದೆ ನಾನು ಕೇಳಿಕೊಳ್ಳುವ ಮೊದಲ ಪ್ರಶ್ನೆ ಇದು: ನೀರು ಎಲ್ಲಿಂದ ಬಂತು, ಎಲ್ಲಿ ಸಿಕ್ಕಿಕೊಂಡಿತು? ಹತ್ತರಲ್ಲಿ ಎಂಟು ಸಲ ಉತ್ತರ ಅಲ್ಲೇ ಸಿಗುತ್ತದೆ. ಯಂತ್ರವನ್ನು ದೂರುವುದು ಕೊನೆಯ ಮಾತು.

ಎಲ್ಲಕ್ಕಿಂತ ಮೊದಲು: ಪ್ಯಾಕೆಟ್ ಓದಿ

ಹೆಪ್ಪುಗಟ್ಟಿದ ನಗೆಟ್‌ಗಳಲ್ಲಿ ಎರಡು ಬಗೆ ಇದೆ. ಒಂದು ಪೂರ್ತಿ ಬೇಯಿಸಿದ್ದು, ನೀವು ಬಿಸಿ ಮಾಡಿ ಗರಿಗರಿ ಮಾಡಿದರೆ ಮುಗಿಯಿತು. ಇನ್ನೊಂದರಲ್ಲಿ ಹೊದಿಕೆ ಕೂರಲೆಂದು ಎಣ್ಣೆಯಲ್ಲಿ ಒಂದಿಷ್ಟು ಕರಿದಿರುತ್ತಾರೆ, ಒಳಗಿನ ಮಾಂಸ ಮಾತ್ರ ಹಸಿ. ನೋಡಲು ಎರಡೂ ಒಂದೇ ಹೊಂಬಣ್ಣ. ಕಣ್ಣಳತೆಯಲ್ಲಿ ಇವನ್ನು ಬೇರ್ಪಡಿಸಲು ಯಾರಿಂದಲೂ ಆಗದು, ಪ್ಯಾಕೆಟ್ಟಿನ ಮೇಲಿನ ಬರಹವೊಂದೇ ದಾರಿ. ಹಸಿ ಮಾಂಸದ್ದಾದರೆ ಸಾಲ್ಮೊನೆಲ್ಲಾದಂಥ ರೋಗಾಣುಗಳು ಇರಬಹುದೆಂದೇ ತಿಳಿದು ನಡೆದುಕೊಳ್ಳಬೇಕು. ಅದರಲ್ಲೂ ಚೀಸ್ ತುಂಬಿದ ದಪ್ಪನೆಯ ಹಸಿ ತುಂಡುಗಳಿಗೆ ಪ್ಯಾಕೆಟ್ಟಿನಲ್ಲಿ ಏರ್ ಫ್ರೈಯರ್ ವಿಧಾನ ಕೊಟ್ಟಿರದಿದ್ದರೆ ಏರ್ ಫ್ರೈಯರ್‌ನಲ್ಲಿ ಮಾಡಬೇಡಿ. ಅಲ್ಲಿ ಹೇಳಿದ ವಿಧಾನದಲ್ಲೇ ಬೇಯಿಸಿ.

ಲಕ್ಷಣ: ಮೆತ್ತಗಿದೆ, ಮುಟ್ಟಿದರೆ ತೇವ

ಅತಿ ಹೆಚ್ಚು ಕಾಣುವ ದೂರು ಇದು. ಖರ್ಚಿಲ್ಲದ ಪರೀಕ್ಷೆಗಳಿಂದ ಶುರು ಮಾಡೋಣ.

ಬುಟ್ಟಿಯನ್ನು ಮೇಲಿನಿಂದ ನೋಡಿ. ತಳದ ತೂತುಗಳು ಅಲ್ಲಲ್ಲಿ ಕಾಣಿಸುತ್ತಿವೆಯೇ? ಕಾಣಿಸದಿದ್ದರೆ ತುಂಬಿದ್ದು ಹೆಚ್ಚಾಯಿತು. ಒಂದರ ಮೇಲೊಂದು ಬಿದ್ದ ನಗೆಟ್‌ಗಳು ಪರಸ್ಪರ ಹಬೆಯಲ್ಲಿ ಬೇಯುತ್ತವೆ. ಒಂದೇ ಪದರ, ನಡುವೆ ಕಿರುಬೆರಳಿನಷ್ಟು ಜಾಗ ಇರಲಿ. ಹೆಚ್ಚು ಜನರಿದ್ದರೆ ಎರಡು ಸರದಿ ಮಾಡಿ. ಎರಡನೆಯ ಸರದಿಗೆ ಯಂತ್ರ ಆಗಲೇ ಕಾದಿರುವುದರಿಂದ ಒಂದೆರಡು ನಿಮಿಷ ಕಡಿಮೆ ಸಾಕು. ಈ ಒಂದು ಬದಲಾವಣೆ ಮಾಡಿ ನೋಡುವ ಮೊದಲು ಬೇರೇನನ್ನೂ ಬದಲಿಸಬೇಡಿ ಎನ್ನುತ್ತೇನೆ. ಎರಡು ಮೂರು ವಿಷಯಗಳನ್ನು ಒಟ್ಟಿಗೆ ಬದಲಿಸಿದರೆ ಯಾವುದರಿಂದ ಸರಿಹೋಯಿತು ಎಂಬುದೇ ತಿಳಿಯುವುದಿಲ್ಲ.

ಆಮೇಲೆ ಪ್ಯಾಕೆಟ್ಟಿನ ಒಳಗೆ ಕೈ ಹಾಕಿ ನೋಡಿ. ನಗೆಟ್‌ಗಳು ಬಿಡಿಬಿಡಿಯಾಗಿ ಉದುರಿದರೆ ಒಳ್ಳೆಯದು. ಒಂದಕ್ಕೊಂದು ಅಂಟಿ ಗಟ್ಟಿಯಾಗಿದ್ದರೆ, ಹೊದಿಕೆಯ ಮೇಲೆ ಬಿಳಿಯ ಹಿಮದ ಹರಳು ಮುತ್ತಿಕೊಂಡಿದ್ದರೆ, ಅವು ಎಲ್ಲೋ ಒಮ್ಮೆ ಕರಗಿ ಮತ್ತೆ ಹೆಪ್ಪುಗಟ್ಟಿರುವ ಸಾಧ್ಯತೆ ಇದೆ. ಆ ಹರಳುಗಳು ಕರಗಿದರೆ ನೀರು ನೇರ ಬ್ರೆಡ್ ಪುಡಿಗೇ ಇಳಿಯುತ್ತದೆ. ತೆಳುವಾಗಿ ಇದ್ದರೆ ಒಣ ಬಟ್ಟೆಯಿಂದ ಒರೆಸಿ ಕೂಡಲೇ ಬುಟ್ಟಿಗೆ ಹಾಕಬಹುದು. ಪ್ಯಾಕೆಟ್ ಬಹಳ ಹೊತ್ತು ಹೊರಗಿತ್ತೆಂದು ಗೊತ್ತಿದ್ದರೆ ಎಸೆಯಿರಿ. ಬೆಚ್ಚಗಿನ ಜಾಗದಲ್ಲಿ ಗಂಟೆಗಟ್ಟಲೆ ಕೂತ ಕೋಳಿಮಾಂಸವನ್ನು ಎಷ್ಟು ಕಾಯಿಸಿದರೂ ನಂಬಲಾಗದು.

ಫ್ರೀಜರ್‌ನಿಂದ ತೆಗೆದು ಕರಗಲು ಬಿಡುವುದು ಇನ್ನೊಂದು ಸಾಮಾನ್ಯ ತಪ್ಪು. ಹೆಪ್ಪುಗಟ್ಟಿದ ನಗೆಟ್ ಹೆಪ್ಪುಗಟ್ಟಿದಂತೆಯೇ ಬಿಸಿಗಾಳಿಗೆ ಹೋಗಬೇಕು. ಆಗ ಹೊರಪದರ ಒಣಗುವ ಕೆಲಸ ಮೊದಲು ನಡೆದು, ಒಳಗಿನ ಮಂಜು ನಿಧಾನಕ್ಕೆ ಕರಗುತ್ತದೆ. ಮೊದಲೇ ಕರಗಿಸಿದರೆ ಈ ಕ್ರಮ ತಲೆಕೆಳಗಾಗುತ್ತದೆ.

ಇಷ್ಟೂ ಸರಿ ಇದ್ದರೆ ಕಾಯಿಸುವಿಕೆಯತ್ತ ಬನ್ನಿ. ಖಾಲಿ ಯಂತ್ರವನ್ನು 200 ಡಿಗ್ರಿಯಲ್ಲಿ ಮೂರರಿಂದ ಐದು ನಿಮಿಷ ಕಾಯಿಸಿ, ನಂತರ ನಗೆಟ್ ಹಾಕಿ. ಬೇಯಿಸಿ ಹೆಪ್ಪುಗಟ್ಟಿಸಿದ ಸಾಧಾರಣ ಗಾತ್ರದವಕ್ಕೆ 200 ಡಿಗ್ರಿಯಲ್ಲಿ 8ರಿಂದ 10 ನಿಮಿಷ ಹಿಡಿಯುತ್ತದೆ, ನಡುವೆ ಒಮ್ಮೆ ತಿರುಗಿಸಬೇಕು. ಬುಟ್ಟಿಯ ತಳಕ್ಕೆ ಕಾಗದವನ್ನೋ ಅಲ್ಯೂಮಿನಿಯಂ ಹಾಳೆಯನ್ನೋ ಹಾಸಿದ್ದರೆ ತೆಗೆದುಬಿಡಿ. ತೊಳೆಯುವ ಶ್ರಮ ಉಳಿಯುತ್ತದೆ ನಿಜ, ಆದರೆ ಗಾಳಿ ಕೆಳಗಿನಿಂದ ಬರುವ ದಾರಿಯೇ ಮುಚ್ಚಿಹೋಗುತ್ತದೆ.

ಲಕ್ಷಣ: ಬುಟ್ಟಿಯಲ್ಲಿ ಗರಿಗರಿ, ತಟ್ಟೆಯಲ್ಲಿ ಮೆತ್ತಗೆ

ಕೈಗೆ ಬಂದ ತುತ್ತು ಬಾಯಿಗೆ ಬಾರದಂಥ ಬೇಸರ ಇದು, ಆದರೆ ಪರಿಹಾರ ಅತಿ ಸುಲಭ. ಬಿಸಿ ನಗೆಟ್ಟನ್ನು ಸಪಾಟು ತಟ್ಟೆಯಲ್ಲಿ ಇಟ್ಟು ಐದು ನಿಮಿಷ ಬಿಟ್ಟು ಎತ್ತಿ ನೋಡಿ: ಅದರ ಅಡಿಯಲ್ಲಿ, ಅದೇ ಆಕಾರದಲ್ಲಿ, ಬೆವರಿನ ಹನಿಗಳು ಕೂತಿರುತ್ತವೆ. ಒಳಗಿನಿಂದ ಹೊರಟ ಹಬೆ ತಣ್ಣನೆಯ ತಟ್ಟೆಗೆ ತಾಗಿ ನೀರಾಗಿ ಹೊದಿಕೆಗೇ ಮರಳಿದೆ. ತಂತಿಯ ಜಾಲರಿಯ ಮೇಲೆ ಬಿಡಿಯಾಗಿ ಇಡಿ. ಬೆಚ್ಚಗಿರಲೆಂದು ಮುಚ್ಚಳ ಮುಚ್ಚಬೇಡಿ, ಡಬ್ಬಿಗೆ ತುಂಬಬೇಡಿ. ಸಾಸನ್ನು ಪಕ್ಕದಲ್ಲಿ ಕೊಡಿ, ಮೇಲೆ ಸುರಿಯುವುದು ಬೇಡ. ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಿ, ಮತ್ತೆ ಬಿಸಿ ಮಾಡುವಾಗ ಮೈಕ್ರೋವೇವ್ ಬಿಟ್ಟು ಏರ್ ಫ್ರೈಯರ್‌ನಲ್ಲೇ 180 ಡಿಗ್ರಿಗೆ ನಾಲ್ಕೈದು ನಿಮಿಷ ಇಟ್ಟು, ನಡುವಿನವರೆಗೂ ಸುಡುವಷ್ಟು ಬಿಸಿಯಾಗಿದೆಯೇ ಎಂದು ನೋಡಿ.

ಲಕ್ಷಣ: ಬಣ್ಣ ಬಿಳಿಚು, ಅಲ್ಲಲ್ಲಿ ಹಿಟ್ಟಿನ ಕಲೆ

ಬಿಳಿಚಿಕೊಂಡಿರುವುದು ಒಂದೇ ಮಗ್ಗುಲಾದರೆ ತಿರುಗಿಸಿಲ್ಲ ಎಂದರ್ಥ. ಕಾಯಿಲ್ ಮೇಲಿರುವುದರಿಂದ ಮೇಲ್ಮುಖಕ್ಕೆ ಹೆಚ್ಚು ಶಾಖ ಸಿಗುತ್ತದೆ. ಬುಟ್ಟಿಯನ್ನು ಕುಲುಕಿದರೆ ಎಲ್ಲವೂ ಮಗುಚುವುದಿಲ್ಲ, ಇಕ್ಕಳದಿಂದ ಒಂದೊಂದಾಗಿ ತಿರುಗಿಸುವುದೇ ಲೇಸು.

ಮನೆಯಲ್ಲಿ ಮಾಡಿದ ನಗೆಟ್ಟಿನ ಮೇಲೆ ಒಣ ಹಿಟ್ಟು ಬಿಳಿ ಬಿಳಿಯಾಗಿ ಉಳಿದಿದ್ದರೆ ಅಲ್ಲಿಗೆ ಎಣ್ಣೆಯ ಪಸೆ ತಲುಪಿಲ್ಲ. ಬಾಣಲೆಯಲ್ಲಿ ಎಣ್ಣೆ ಎಲ್ಲ ಮೂಲೆಗೂ ತಾನೇ ಹೋಗುತ್ತದೆ, ಇಲ್ಲಿ ನಾವೇ ಮುಟ್ಟಿಸಬೇಕು. ಸಣ್ಣ ಸ್ಪ್ರೇ ಬಾಟಲಿಯಿಂದಲೋ ಬ್ರಷ್‌ನಿಂದಲೋ ಎರಡೂ ಬದಿಗೆ ತೆಳುವಾಗಿ ಸವರಿ. ಆ ಕಲೆ ಹಸಿ ಹಿಟ್ಟು, ತಿನ್ನತಕ್ಕದ್ದಲ್ಲ. ಎಣ್ಣೆ ಸವರಿ ಇನ್ನೆರಡು ಮೂರು ನಿಮಿಷ ಇಡಿ. ನನಗೆ ಇದಕ್ಕಿಂತಲೂ ಪ್ರಿಯವಾದ ಉಪಾಯ ಬೇರೊಂದಿದೆ: ಬ್ರೆಡ್ ಪುಡಿಗೆ ಒಂದು ಚಮಚ ಎಣ್ಣೆ ಕಲಸಿ ಬಾಣಲೆಯಲ್ಲಿ ತೆಳು ಹೊಂಬಣ್ಣಕ್ಕೆ ಹುರಿದು, ಆರಿದ ಮೇಲೆ ಹಚ್ಚುವುದು. ಬಣ್ಣ ಮೊದಲೇ ಬಂದಿರುವುದರಿಂದ ಬಣ್ಣಕ್ಕಾಗಿ ಮಾಂಸವನ್ನು ಒಣಗಿಸುವ ಪ್ರಸಂಗವೇ ಬರುವುದಿಲ್ಲ. ಅಂಗಡಿಯ ಹೆಪ್ಪುಗಟ್ಟಿದ ನಗೆಟ್ ಸಾಮಾನ್ಯವಾಗಿ ಒಮ್ಮೆ ಕರಿದೇ ಬಂದಿರುತ್ತದೆ, ಅದಕ್ಕೆ ಎಣ್ಣೆ ಬೇಕಾಗುವುದು ಅಪರೂಪ.

ಒತ್ತಡದ ಡಬ್ಬಿಯಲ್ಲಿ ಬರುವ ಅಡುಗೆ ಸ್ಪ್ರೇಗಳ ವಿಷಯದಲ್ಲಿ ಎಚ್ಚರ. ಅವುಗಳಲ್ಲಿ ಹೆಚ್ಚಾಗಿ ಬೆರೆಸುವ ಲೆಸಿಥಿನ್ ಎಂಬ ಕೊಬ್ಬಿನಂಥ ಪದಾರ್ಥ, ನಾನ್‌ಸ್ಟಿಕ್ ಲೇಪದ ಮೇಲೆ ಕಾದು ಕಂದು ಅಂಟಾಗಿ ಕೂರುತ್ತದೆ. ಆಮೇಲೆ ನಗೆಟ್ ಬುಟ್ಟಿಗೆ ಹಿಡಿಯಲು ಶುರುವಾಗುತ್ತದೆ.

ಲಕ್ಷಣ: ಹೊದಿಕೆ ಕಳಚಿ ಬುಟ್ಟಿಯಲ್ಲೇ ಉಳಿಯುತ್ತದೆ

ಇದು ನಗೆಟ್ಟಿನಷ್ಟೇ ಹಳೆಯ ಸಮಸ್ಯೆ. 1963ರಲ್ಲಿ ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದ ಆಹಾರ ವಿಜ್ಞಾನಿ ರಾಬರ್ಟ್ ಬೇಕರ್, ನಗೆಟ್ಟಿನ ಪೂರ್ವಜನೆನ್ನಬಹುದಾದ 'ಚಿಕನ್ ಸ್ಟಿಕ್' ರೂಪಿಸುವಾಗ ಎದುರಿಸಿದ್ದೂ ಇದನ್ನೇ. ಚರ್ಮವಿಲ್ಲದ ಅರೆದ ಮಾಂಸ ಚೆದುರದೆ ಒಂದಾಗಿ ನಿಲ್ಲಬೇಕು. ಹೆಪ್ಪುಗಟ್ಟುವಾಗಿನ ಸೆಳೆತವನ್ನೂ ಕರಿಯುವಾಗಿನ ಕಾವನ್ನೂ ತಡೆದು ಹೊದಿಕೆ ಅಂಟಿಕೊಂಡಿರಬೇಕು. ಅವರು ಮಾಂಸಕ್ಕೆ ಉಪ್ಪು, ವಿನಿಗರ್ ಸೇರಿಸಿ ಅರೆದು ಜಿಗುಟು ತರಿಸಿದರು, ಹಾಲಿನ ಪುಡಿಯನ್ನೂ ಧಾನ್ಯದ ಹಿಟ್ಟನ್ನೂ ಬೆರೆಸಿ ಬಿಗಿ ಮಾಡಿದರು. ಹೆಪ್ಪುಗಟ್ಟಿಸಿ, ಮೊಟ್ಟೆಯ ಹಿಟ್ಟು ಮತ್ತು ಪುಡಿ ಹಚ್ಚಿ, ಮತ್ತೆ ಹೆಪ್ಪುಗಟ್ಟಿಸಿದರು. ಆ ತಣಿಸುವ ಹಂತದಲ್ಲಿ ನಮಗೂ ಪಾಠವಿದೆ.

ಮನೆಯಲ್ಲಿ ಮಾಡುವವರು ಬುಟ್ಟಿಯ ತಳದಲ್ಲಿ ಬಿದ್ದ ಚೂರನ್ನು ಎತ್ತಿ ಬೆಳಕಿಗೆ ಹಿಡಿದು ನೋಡಿ. ಅದರ ಒಳಮೈ ಜಾರುವಂತೆ ಒದ್ದೆಯಾಗಿದ್ದರೆ ಮಾಂಸದ ನೀರು ಹೊದಿಕೆಯನ್ನು ಎತ್ತಿ ಹಾಕಿದೆ. ತುಂಡುಗಳನ್ನು ಹಚ್ಚುವ ಮೊದಲು ಕಾಗದದ ಟವೆಲ್‌ನಿಂದ ಒತ್ತಿ ಒರೆಸಬೇಕಿತ್ತು; ಮೊಸರಿನಲ್ಲಿ ನೆನೆಸಿದ್ದರೆ ಚೆನ್ನಾಗಿ ಬಸಿಯಬೇಕಿತ್ತು. ಒಳಮೈ ಒಣಗಿ ಹಿಟ್ಟು ಹಿಟ್ಟಾಗಿದ್ದರೆ ಹಿಟ್ಟು ಹೆಚ್ಚಾಗಿದೆ, ಮೊಟ್ಟೆ ಅದನ್ನು ದಾಟಿ ಮಾಂಸ ಮುಟ್ಟಿಲ್ಲ. ಹಿಟ್ಟಿನಲ್ಲಿ ಹೊರಳಿಸಿದ ಮೇಲೆ ತಟ್ಟಿ ಉದುರಿಸಿ, ತೆಳು ಪುಡಿ ಮಾತ್ರ ಉಳಿಯಲಿ.

ಹಿಟ್ಟು, ಮೊಟ್ಟೆ, ಬ್ರೆಡ್ ಪುಡಿ ಎಂಬ ಕ್ರಮವನ್ನು ಬಿಡಬೇಡಿ. ಹಿಟ್ಟು ನೀರು ಹೀರುತ್ತದೆ, ಮೊಟ್ಟೆ ಹಿಟ್ಟಿಗೆ ಹಿಡಿಯುತ್ತದೆ, ಪುಡಿ ಮೊಟ್ಟೆಗೆ ಹಿಡಿಯುತ್ತದೆ. ಹಚ್ಚಿದ ಮೇಲೆ ತಟ್ಟೆಯನ್ನು 15ರಿಂದ 30 ನಿಮಿಷ ಫ್ರಿಜ್‌ನಲ್ಲಿಡಿ. ಆತುರದಲ್ಲಿ ಎಲ್ಲರೂ ಹಾರಿಸುವ ಹೆಜ್ಜೆ ಇದು, ಹೊದಿಕೆ ನಿಲ್ಲುವುದೂ ಇದರಿಂದಲೇ. ಬುಟ್ಟಿಗೆ ಹಾಕಿದ ಮೇಲೆ ಮೊದಲ ಐದು ನಿಮಿಷ ಕುಲುಕಬೇಡಿ. ಮೊಟ್ಟೆ ಕಾದು ಗಟ್ಟಿಯಾದ ಮೇಲೆಯೇ ಅದು ಅಂಟು. ಅದಕ್ಕೆ ಮೊದಲು ಬರೀ ಲೋಳೆ.

ಬಜ್ಜಿಗೆ ಕಲಸುವಂಥ ನೀರು ಹಿಟ್ಟಿನಲ್ಲಿ ಅದ್ದಿ ಏರ್ ಫ್ರೈಯರ್‌ಗೆ ಹಾಕಿದ್ದರೆ ಯಾವ ಉಪಾಯವೂ ಕೆಲಸಕ್ಕೆ ಬಾರದು. ಕಾದ ಎಣ್ಣೆ ಆ ಹಿಟ್ಟನ್ನು ಕ್ಷಣದಲ್ಲಿ ಗಟ್ಟಿ ಮಾಡುತ್ತದೆ, ಗಾಳಿಗೆ ಆ ಶಕ್ತಿ ಇಲ್ಲ. ಹಿಟ್ಟು ತೂತುಗಳಿಂದ ಕೆಳಗಿಳಿಯುತ್ತದೆ.

ಹಸಿ ಕೋಳಿಯನ್ನು ನಲ್ಲಿಯ ಕೆಳಗೆ ತೊಳೆಯಬೇಡಿ. ಹನಿಗಳು ಸಿಡಿದು ರೋಗಾಣುಗಳು ಸಿಂಕ್‌ನ ಸುತ್ತ ಹರಡುತ್ತವೆ, ಮಾಂಸದ ಮೇಲೆ ನೀರೂ ಹೆಚ್ಚುತ್ತದೆ. ಹಸಿ ಮಾಂಸ ಮುಟ್ಟಿದ ತಟ್ಟೆಗೆ ಬೆಂದದ್ದನ್ನು ಮರಳಿ ಹಾಕಬೇಡಿ.

ಲಕ್ಷಣ: ಹೊರಗೆ ಕಡುಕಂದು, ಒಳಗೆ ತಣ್ಣಗೆ ಅಥವಾ ಹಸಿ

ಇಲ್ಲಿ ರುಚಿಯ ಮಾತು ಬದಿಗಿಟ್ಟು ಆರೋಗ್ಯದ ಮಾತು ಆಡಬೇಕು. ತಿನ್ನುತ್ತಿದ್ದರೆ ನಿಲ್ಲಿಸಿ, ಮಕ್ಕಳ ತಟ್ಟೆಯಿಂದಲೂ ತೆಗೆಯಿರಿ, ಆಮೇಲೆ ಕಾರಣ ಹುಡುಕಿ.

ಕೋಳಿಮಾಂಸದ ನಟ್ಟನಡುವೆ 74 ಡಿಗ್ರಿ ಸೆಲ್ಸಿಯಸ್ ಮುಟ್ಟಬೇಕು. ಇದನ್ನು ಬಣ್ಣ ನೋಡಿ ಹೇಳಲಾಗದು: ಪೂರ್ತಿ ಬೆಂದ ಕೋಳಿಯೂ ಕೆಲವೊಮ್ಮೆ ನಸುಗೆಂಪಾಗಿರುತ್ತದೆ, ಬಿಳಿಯಾಗಿ ಕಂಡದ್ದು ಸಾಕಷ್ಟು ಬೆಂದಿರದೆಯೂ ಇರಬಹುದು. ಆಹಾರಕ್ಕೆ ಚುಚ್ಚುವ ಥರ್ಮಾಮೀಟರ್ ಒಂದನ್ನು ಇಟ್ಟುಕೊಳ್ಳಿ ಎಂದು ನಾನು ಒತ್ತಾಯಿಸಿಯೇ ಹೇಳುತ್ತೇನೆ. ನಗೆಟ್ ತೆಳುವಾದ್ದರಿಂದ ಮೇಲಿನಿಂದ ಚುಚ್ಚಿದರೆ ಮೊನೆ ಆಚೆಗೆ ಹೋಗಿ ಗಾಳಿಯ ಬಿಸಿ ತೋರಿಸುತ್ತದೆ. ಪಕ್ಕದಿಂದ, ಉದ್ದಕ್ಕೆ, ದಪ್ಪ ಭಾಗದ ನಡುವಿಗೆ ಚುಚ್ಚಿ. ಎಲ್ಲಕ್ಕಿಂತ ದಪ್ಪನೆಯ ಎರಡು ಮೂರನ್ನಾದರೂ ಅಳೆಯಿರಿ. ಥರ್ಮಾಮೀಟರ್ ಮೇಲೆಯೇ ಅನುಮಾನವಿದ್ದರೆ ಲೋಟದ ತುಂಬ ಐಸ್ ಹಾಕಿ ನೀರು ಸುರಿದು ಕಲಕಿ ಅದ್ದಿ, 0 ಡಿಗ್ರಿ ತೋರಿಸಬೇಕು.

ಹೊರಗೆ ಸೀದು ಒಳಗೆ ಬೇಯದಿರಲು ಮುಖ್ಯ ಕಾರಣ ದಪ್ಪ ತುಂಡಿಗೆ ಹೆಚ್ಚು ಉರಿ. 180 ಡಿಗ್ರಿಗೆ ಇಳಿಸಿ ಸಮಯ ಹೆಚ್ಚಿಸಿ, ಕೊನೆಯ ಎರಡು ನಿಮಿಷ ಮಾತ್ರ 200ಕ್ಕೆ ಏರಿಸಿ. ಮುಂದಿನ ಸಲ ತುಂಡುಗಳನ್ನು ಎರಡೂವರೆ ಸೆಂಟಿಮೀಟರ್ ಮೀರದಂತೆ, ಎಲ್ಲ ಒಂದೇ ಅಳತೆಗೆ ಕತ್ತರಿಸಿ. ಹೊದಿಕೆಯಲ್ಲಿ ಸಕ್ಕರೆಯೋ ಸಿಹಿ ಸಾಸೋ ಇದ್ದರೆ ಅದು ಬೇಗ ಕಪ್ಪಾಗುತ್ತದೆ.

ಬೇಯದ ಕೋಳಿ ತಿಂದ ಮೇಲೆ ಜ್ವರ, ನಿಲ್ಲದ ವಾಂತಿ, ರಕ್ತ ಬೆರೆತ ಭೇದಿ ಕಾಣಿಸಿಕೊಂಡರೆ ಮನೆಮದ್ದಿನಲ್ಲಿ ಹೊತ್ತು ಕಳೆಯದೆ ವೈದ್ಯರಲ್ಲಿಗೆ ಹೋಗಿ. ಪುಟ್ಟ ಮಕ್ಕಳು, ಗರ್ಭಿಣಿಯರು, ವಯಸ್ಸಾದವರ ವಿಷಯದಲ್ಲಿ ಇನ್ನೂ ಬೇಗ.

ಲಕ್ಷಣ: ಒಣಗಿ ರಬ್ಬರಿನಂತಾಗಿದೆ

ಬೇಯಿಸಿದ್ದು ಹೆಚ್ಚಾಯಿತು, ಅಷ್ಟೇ. 74 ಡಿಗ್ರಿ ಮುಟ್ಟಿದ ಕೂಡಲೇ ತೆಗೆಯಿರಿ. ಎದೆಭಾಗದ ಬದಲು ತೊಡೆಯ ಮಾಂಸ ಬಳಸಿದರೆ ಒಂದೆರಡು ನಿಮಿಷ ಹೆಚ್ಚಾದರೂ ತಡೆದುಕೊಳ್ಳುತ್ತದೆ.

ಲಕ್ಷಣ: ಹೊಗೆ, ಸುಟ್ಟ ವಾಸನೆ

ತೆಳು ಬಿಳಿ ಹೊಗೆ ಹೆಚ್ಚಾಗಿ ಕೆಳಗಿನ ತಟ್ಟೆಯಲ್ಲಿ ನಿಂತ ಹಳೆಯ ಜಿಡ್ಡಿನದು. ನಿಲ್ಲಿಸಿ, ಆರಲು ಬಿಟ್ಟು, ತೊಳೆದು ಒರೆಸಿ ಮುಂದುವರಿಸಿ. ಪ್ಲಗ್ ತೆಗೆದು ಯಂತ್ರ ಪೂರ್ತಿ ತಣಿದ ಮೇಲೆ ಟಾರ್ಚ್ ಹಿಡಿದು ಮೇಲಿನ ಕಾಯಿಲನ್ನೂ ನೋಡಿ. ನಾನು ಒಮ್ಮೆ ಹೀಗೆ ಬಗ್ಗಿ ನೋಡಿದಾಗ ಕಾಯಿಲ್‌ನ ಎರಡು ಸುತ್ತುಗಳ ನಡುವೆ ಬ್ರೆಡ್ ಪುಡಿಯ ಚೂರುಗಳು ಇದ್ದಿಲಿನಂತೆ ಕಪ್ಪಾಗಿ ಕೂತಿದ್ದವು. ವಾರದಿಂದ ಬರುತ್ತಿದ್ದ ಕಮಟು ವಾಸನೆಗೆ ಅದೇ ಕಾರಣವಾಗಿತ್ತು, ಮೆತ್ತನೆಯ ಬ್ರಷ್‌ನಿಂದ ಉದುರಿಸಿದ ಮೇಲೆ ನಿಂತಿತು. ಲೋಹದ ಉಜ್ಜುಗ ಬೇಡ, ಮೇಲ್ಭಾಗಕ್ಕೆ ನೀರು ಸುರಿಯುವುದಂತೂ ಬೇಡವೇ ಬೇಡ.

ಖಾಲಿ ಬುಟ್ಟಿಯಲ್ಲಿ ಪಾರ್ಚ್‌ಮೆಂಟ್ ಕಾಗದ ಹಾಕಿ ಕಾಯಿಸಿದರೆ ಫ್ಯಾನ್ ಅದನ್ನು ಎತ್ತಿ ಕಾಯಿಲ್‌ಗೆ ಅಂಟಿಸುತ್ತದೆ, ಬೆಂಕಿ ಹೊತ್ತಿಕೊಳ್ಳಬಹುದು. ಕಪ್ಪು ಹೊಗೆ ಬಂದರೆ ಅಥವಾ ಒಳಗೆ ಜ್ವಾಲೆ ಕಂಡರೆ ಪ್ಲಗ್ ಎಳೆಯಿರಿ, ಬುಟ್ಟಿಯನ್ನು ಹೊರಗೆ ಎಳೆಯಬೇಡಿ, ನೀರು ಹಾಕಬೇಡಿ. ಮುಚ್ಚಿದ್ದರೆ ಗಾಳಿ ಸಾಲದೆ ಬೆಂಕಿ ತಣಿಯುತ್ತದೆ. ತಣಿಯದಿದ್ದರೆ ಎಲ್ಲರೂ ಹೊರಗೆ ಬಂದು ಅಗ್ನಿಶಾಮಕ ದಳವನ್ನು ಕರೆಯಿರಿ.

ಹೊಸ ಯಂತ್ರದ ಪ್ಲಾಸ್ಟಿಕ್ ವಾಸನೆ ಬೇರೆ ವಿಷಯ. ಕಿಟಕಿ ತೆರೆದು ಖಾಲಿಯಾಗಿ ಹತ್ತು ಹದಿನೈದು ನಿಮಿಷ ಓಡಿಸಿದರೆ ಒಂದೆರಡು ಸಲಕ್ಕೆ ಹೋಗಬೇಕು. ವಾರಗಳಾದರೂ ಹೋಗದಿದ್ದರೆ ಮರಳಿಸಿ.

ಲಕ್ಷಣ: ಎಲ್ಲ ಸರಿಯಾಗಿ ಮಾಡಿದರೂ ಬೇಯುತ್ತಿಲ್ಲ

ಈಗ ಯಂತ್ರವನ್ನು ಅನುಮಾನಿಸುವ ಸರದಿ. ಬುಟ್ಟಿಯನ್ನು ಕ್ಲಿಕ್ ಎನ್ನುವವರೆಗೆ ಒಳಗೆ ತಳ್ಳಿ. ಪೂರ್ತಿ ಕೂರದಿದ್ದರೆ ಒಳಗಿನ ಸಣ್ಣ ಸುರಕ್ಷತಾ ಸ್ವಿಚ್ ವಿದ್ಯುತ್ತನ್ನು ತಡೆಯುತ್ತದೆ. ಹಿಂಬದಿಯ ಗಾಳಿಕಿಂಡಿ ಗೋಡೆಗೆ ಒತ್ತಿಕೊಂಡಿದ್ದರೆ ಹತ್ತು ಸೆಂಟಿಮೀಟರ್‌ನಷ್ಟು ಮುಂದಕ್ಕೆಳೆಯಿರಿ. ಎಕ್ಸ್‌ಟೆನ್ಷನ್ ವೈರ್ ತೆಗೆದು ನೇರ ಗೋಡೆಯ ಸಾಕೆಟ್‌ಗೆ ಹಾಕಿ. ವೋಲ್ಟೇಜ್ ಶೇ 10ರಷ್ಟು ಇಳಿದರೆ ಕಾಯಿಲ್ ಕೊಡುವ ಶಾಖ ಸುಮಾರು ಶೇ 19ರಷ್ಟು ಇಳಿಯುತ್ತದೆ. ಆದ್ದರಿಂದ ವೋಲ್ಟೇಜ್ ಇಳಿಯುವ ಸಂಜೆ ಹೊತ್ತಿನಲ್ಲಿ ಮಾತ್ರ ನಗೆಟ್ ಮೆತ್ತಗಾಗುತ್ತಿದ್ದರೆ ದೋಷ ಅಡುಗೆಯದಲ್ಲದೆಯೂ ಇರಬಹುದು.

ಶಾಖ ಎಷ್ಟು ಸಮವಾಗಿ ಹರಡಿದೆ ಎಂದು ತಿಳಿಯಲು ಬ್ರೆಡ್ ಸಾಕು. ಬುಟ್ಟಿಯ ತಳಕ್ಕೆ ಹೋಳುಗಳನ್ನು ಹರಡಿ, ಹಾರದಂತೆ ಮೇಲೆ ಲೋಹದ ಜಾಲರಿ ಇಟ್ಟು, 180 ಡಿಗ್ರಿಯಲ್ಲಿ ನಾಲ್ಕೈದು ನಿಮಿಷ ಓಡಿಸಿ. ಎಲ್ಲಿ ಕಂದು, ಎಲ್ಲಿ ಬಿಳಿ ಎಂಬುದು ನಕ್ಷೆಯಂತೆ ಮೂಡುತ್ತದೆ. ಒಂದು ಮೂಲೆ ಮಾತ್ರ ಬಿಳಿಯಾದರೆ ನಗೆಟ್‌ಗಳ ಜಾಗ ಬದಲಿಸುತ್ತ ನಿಭಾಯಿಸಬಹುದು. ಎಲ್ಲ ಹೋಳುಗಳೂ ಬೆಚ್ಚಗಾಗಿ ಬಣ್ಣವೇ ಬಾರದಿದ್ದರೆ ಕಾಯಿಲ್ ಅಥವಾ ತಾಪ ನಿಯಂತ್ರಕ ಕೆಟ್ಟಿರಬಹುದು. ಫ್ಯಾನ್ ತಿರುಗುವ ಸದ್ದೇ ಇಲ್ಲದಿದ್ದರೆ ಮತ್ತೆ ಓಡಿಸಿ ನೋಡುವ ಪ್ರಯೋಗವನ್ನೂ ಮಾಡಬೇಡಿ: ಗಾಳಿಯಾಡದ ಕಾಯಿಲ್ ತನ್ನ ಸುತ್ತಲಿನ ಪ್ಲಾಸ್ಟಿಕ್ಕನ್ನೇ ಕರಗಿಸಬಲ್ಲದು.

ಯಂತ್ರ ನಡುವೆ ತಾನೇ ನಿಂತರೆ ಅರ್ಧ ಗಂಟೆ ಆರಲು ಬಿಟ್ಟು ಒಮ್ಮೆ ಹಾಕಿ ನೋಡಿ. ಮತ್ತೆ ನಿಂತರೆ ಮನೆಯ ಪರೀಕ್ಷೆ ಅಲ್ಲಿಗೆ ಮುಗಿಯಿತು. ಒಳಗಿನ ಥರ್ಮಲ್ ಫ್ಯೂಸನ್ನು ದಾಟಿಸಿ ತಂತಿ ಜೋಡಿಸುವ ಸಲಹೆ ಯಾರಾದರೂ ಕೊಟ್ಟರೆ ಕೇಳಬೇಡಿ. ಯಂತ್ರ ಮಿತಿಮೀರಿ ಕಾದಾಗ ವಿದ್ಯುತ್ ಕಡಿದು ಮನೆ ಉಳಿಸುವ ಭಾಗ ಅದು. ವಾರಂಟಿ ಇದ್ದರೆ ಸ್ಕ್ರೂ ಬಿಚ್ಚದೆ ಕಂಪನಿಯ ಸೇವಾ ಕೇಂದ್ರಕ್ಕೆ ಒಯ್ಯಿರಿ. ಕೊಡುವಾಗ ಬ್ರೆಡ್ ಪರೀಕ್ಷೆಯ ಒಂದು ಫೋಟೊ, ಎಷ್ಟನೆಯ ನಿಮಿಷಕ್ಕೆ ನಿಂತಿತು ಎಂಬ ಟಿಪ್ಪಣಿ ಜೊತೆಗಿದ್ದರೆ ತಂತ್ರಜ್ಞರ ಅರ್ಧ ಕೆಲಸ ಹಗುರಾಗುತ್ತದೆ. ಮುಟ್ಟಿದರೆ ಜುಮ್ಮೆನ್ನುವ ಯಂತ್ರ, ಕೈ ಇಡಲಾಗದಷ್ಟು ಕಾಯುವ ಪ್ಲಗ್, ಕರಗಿ ಬಣ್ಣಗೆಟ್ಟ ಸಾಕೆಟ್: ಈ ಮೂರರಲ್ಲಿ ಒಂದು ಕಂಡರೂ ಮೇನ್ ಸ್ವಿಚ್ ಆರಿಸಿ, ಎಲೆಕ್ಟ್ರಿಷಿಯನ್ ಬಂದು ನೋಡುವವರೆಗೆ ಆ ಸಾಕೆಟ್‌ಗೆ ಏನನ್ನೂ ಹಾಕಬೇಡಿ.